ಅಶ್ವದಳದ ರಿವಾಲ್ವರ್ ನಕಲು ಕೊಳ್ಳುವಾಗ: ಮೊದಲು ವರ್ಷ ಆರಿಸಿ, ಆಮೇಲೆ ರಿವಾಲ್ವರ್

ಅಮೆರಿಕದ ಹಳೆಯ ಅಶ್ವದಳದ ರಿವಾಲ್ವರ್‌ಗಳ ಹೊಸ ನಕಲು ಕೊಳ್ಳಲು ಹೊರಟವರು ಮೊದಲು ಕೇಳುವುದು ಯಾವ ಕಂಪನಿಯದು ಒಳ್ಳೆಯದು ಅಂತ. ನಾನೂ ಹಾಗೇ ಕೇಳಿದ್ದೆ. ಮಾರುವವರು "ಇದು ಸಿವಿಲ್ ವಾರ್ ಸವಾರರದ್ದು" ಅಂತ ಹಿತ್ತಾಳೆ ಫ್ರೇಮಿನ .44 ನೇವಿ ಒಂದನ್ನು ಕೈಗಿಟ್ಟರು. ಹೊಳೆಯುತ್ತಿತ್ತು, ಬೆಲೆಯೂ ಕಡಿಮೆ, ತಂದುಬಿಟ್ಟೆ. ಮನೆಗೆ ಬಂದು ಓದುತ್ತಾ ಹೋದಾಗ ಬೇಜಾರಾಯಿತು. ಅಸಲಿ 1851ರ ಕೋಲ್ಟ್ ನೇವಿ .36ರದ್ದು (ಈ ಅಂಕಿ ಗುಂಡಿನ ಅಗಲ, ಇಂಚಿನ ಲೆಕ್ಕದಲ್ಲಿ), ಫ್ರೇಮ್ ಕಬ್ಬಿಣದ್ದು. ಸಿವಿಲ್ ವಾರ್, ಅಂದರೆ ಅಮೆರಿಕದ ಉತ್ತರ-ದಕ್ಷಿಣ ರಾಜ್ಯಗಳ ಅಂತರ್ಯುದ್ಧದಲ್ಲಿ, ದಕ್ಷಿಣದವರು ಹಿತ್ತಾಳೆ ಫ್ರೇಮ್ ಬಳಸಿದ್ದೇನೋ ನಿಜ, ಜಾರ್ಜಿಯಾದ ಗ್ರಿಸ್ವೋಲ್ಡ್ ಅಂಡ್ ಗನಿಸನ್ ಕಾರ್ಖಾನೆಯವರು ಯುದ್ಧದ ಮಧ್ಯೆ ಅಂಥವನ್ನು ಮಾಡಿದರು, ಆದರೆ ಅವೂ .36. ನನ್ನ ಕೈಲಿದ್ದದ್ದು ಯಾವ ಸೈನ್ಯಕ್ಕೂ ಸೇರದ ಸಾಮಾನು. ಜೊತೆಗೆ ಹಿತ್ತಾಳೆ ಮೆತ್ತಗಿನ ಲೋಹ. .44ರ ಜೋರು ಮದ್ದಿಗೆ ಫ್ರೇಮ್ ನಿಧಾನವಾಗಿ ಹಿಗ್ಗುತ್ತದೆ, ಬ್ಯಾರೆಲ್‌ಗೂ ಸಿಲಿಂಡರ್‌ಗೂ ನಡುವಿನ ಸಂದು ಅಗಲವಾಗುತ್ತದೆ.

ಅಂದಿನಿಂದ ನಾನು ಎಲ್ಲರಿಗೂ ಹೇಳುವುದು ಇದೇ. ಮೊದಲು ನಿಮ್ಮ ಸವಾರ, ಅಂದರೆ ಯಾರ ಕೈಯ ರಿವಾಲ್ವರ್ ನಿಮಗೆ ಬೇಕೋ ಆ ಸೈನಿಕ, ಯಾವ ವರ್ಷದವನು ಅಂತ ತೀರ್ಮಾನ ಮಾಡಿ. ವರ್ಷ ಗೊತ್ತಾದರೆ ಮಾಡೆಲ್, ಬ್ಯಾರೆಲ್ ಉದ್ದ, ಫ್ರೇಮು, ಹಿಡಿ, ಮುದ್ರೆ ಎಲ್ಲವೂ ತಾನಾಗೇ ಗೊತ್ತಾಗುತ್ತವೆ.

1847 ಅಂದರೆ ಕೋಲ್ಟ್ ವಾಕರ್. ಮೆಕ್ಸಿಕೋ ಯುದ್ಧದ ಕಾಲ. ಟೆಕ್ಸಾಸಿನ ಸ್ಯಾಮ್ಯುಯೆಲ್ ವಾಕರ್ ಸ್ಯಾಮ್ಯುಯೆಲ್ ಕೋಲ್ಟ್ ಜೊತೆ ಕೂತು ರೂಪ ಕೊಟ್ಟದ್ದು. ಬ್ಯಾರೆಲ್ 9 ಇಂಚು, ತೂಕ ಸುಮಾರು 2 ಕೆ.ಜಿ. ಆಗ ತಯಾರಾದದ್ದೇ 1,100. ಇದನ್ನು ಸೊಂಟಕ್ಕೆ ಕಟ್ಟುತ್ತಿರಲಿಲ್ಲ, ಜೀನಿನ ಮುಂದೆ ತೂಗುವ ಒರೆಯಲ್ಲಿ ಇಡುತ್ತಿದ್ದರು. ಒಂದು ಸಲ ಕೈಯಲ್ಲಿ ಹಿಡಿದರೆ ಯಾಕೆ ಅಂತ ಯಾರೂ ಕೇಳುವುದಿಲ್ಲ. ಅಸಲಿಯ ಒಂದು ದೋಷ ನಕಲಿಗೂ ಬಂದಿದೆ: ಗುಂಡು ಹಾರಿಸಿದ ಒದೆತಕ್ಕೆ ಗುಂಡನ್ನು ಕೋಣೆಯೊಳಗೆ ಒತ್ತುವ ಕೆಳಗಿನ ಲೋಡಿಂಗ್ ಲಿವರ್ ಕಳಚಿ ಬಿದ್ದು ಸಿಲಿಂಡರ್ ತಿರುಗದಂತೆ ತಡೆಯುತ್ತದೆ. ಬ್ಯಾರೆಲ್‌ಗೆ ಸೇರಿಸಿ ಒಂದು ಚರ್ಮದ ದಾರ ಕಟ್ಟಿದರೆ ಸಾಕು. 1848ರಿಂದ ಬಂದ ಡ್ರಗೂನ್ ಮಾಡೆಲ್‌ಗಳಲ್ಲಿ ಬ್ಯಾರೆಲ್ 7.5 ಇಂಚಿಗೆ ಇಳಿಯಿತು, ಲಿವರಿನ ತುದಿಗೆ ಸರಿಯಾದ ಕೊಕ್ಕೆಯೂ ಬಂತು. ಹಾರಿಸುವ ಆಸೆ ಇದ್ದರೆ ವಾಕರ್ ಬಿಟ್ಟು ಡ್ರಗೂನ್ ತೆಗೆದುಕೊಳ್ಳಿ.

1861ರಿಂದ 1865ರ ಸಿವಿಲ್ ವಾರ್ ಸವಾರ ಬೇಕಾದರೆ 1860ರ ಕೋಲ್ಟ್ ಆರ್ಮಿ. ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಇದು. ನೇವಿಯ ಅಳತೆಯ ಫ್ರೇಮನ್ನೇ ಇಟ್ಟುಕೊಂಡು, ಸಿಲಿಂಡರಿನ ಮುಂಭಾಗವನ್ನು ಮಾತ್ರ ದಪ್ಪ ಮಾಡಿ, .44ರ ಆರು ಗುಂಡುಗಳನ್ನು ಸುಮಾರು 1.2 ಕೆ.ಜಿ.ಯಲ್ಲಿ ಕೂರಿಸಿದ್ದಾರೆ. ಎಡಗೈಲಿ ಲಗಾಮು, ಬಲಗೈಲಿ ರಿವಾಲ್ವರ್ ಅಂತ ಓಡುವವನಿಗೆ ವಾಕರಿನಿಂದ ಇಲ್ಲಿಗೆ ಬಂದದ್ದು ಎಂಥ ನೆಮ್ಮದಿ ಅಲ್ವಾ? ನಕಲು ನೋಡುವಾಗ ಬ್ಯಾರೆಲ್ 8 ಇಂಚು ಇರಬೇಕು, ಟ್ರಿಗರ್ ಗಾರ್ಡ್ ಹಿತ್ತಾಳೆಯದು, ಹಿಡಿಯ ಹಿಂದಿನ ಪಟ್ಟಿ ಕಬ್ಬಿಣದ ಬಣ್ಣದ್ದು, ಫ್ರೇಮ್ ಖಂಡಿತ ಉಕ್ಕಿನದು. ಸಿಲಿಂಡರಿನ ಸುತ್ತ ಹಡಗುಗಳ ಕಾಳಗದ ಚಿತ್ರ ಇರುತ್ತದೆ. ಅದು 1843ರ ಮೇ 16ರಂದು ಟೆಕ್ಸಾಸ್ ನೌಕಾಪಡೆ ಮೆಕ್ಸಿಕೋದವರ ಜೊತೆ ಕ್ಯಾಂಪೆಚೆ ಬಳಿ ನಡೆಸಿದ ಕಾಳಗ. ಗೆರೆಗಳು ತೆಳುವಾಗಿ, ಹಗುರವಾಗಿ ಮೂಡಿದ್ದರೆ ಅಸಲಿಗೆ ಹತ್ತಿರ. ಅನೇಕ ನಕಲುಗಳಲ್ಲಿ ಆಳವಾಗಿ, ಒರಟಾಗಿ ಒತ್ತಿರುತ್ತಾರೆ.

ನಿಮ್ಮ ಸವಾರ 1864ರ ನಂತರದವನಾದರೆ ರೆಮಿಂಗ್ಟನ್ ನ್ಯೂ ಮಾಡೆಲ್ ಆರ್ಮಿ ಇನ್ನೂ ಒಪ್ಪುತ್ತದೆ. 1864ರ ಫೆಬ್ರವರಿಯಲ್ಲಿ ಹಾರ್ಟ್‌ಫರ್ಡ್‌ನ ಕೋಲ್ಟ್ ಕಾರ್ಖಾನೆಗೆ ಬೆಂಕಿ ಬಿತ್ತು. ಯುದ್ಧದ ಕೊನೆಯ ವರ್ಷಗಳಲ್ಲಿ ಸೈನ್ಯಕ್ಕೆ ರೆಮಿಂಗ್ಟನ್‌ಗಳೇ ಜಾಸ್ತಿ ಬಂದವು. ಇವುಗಳಿಗೆ ಸಿಲಿಂಡರಿನ ಮೇಲೂ ಫ್ರೇಮಿನ ಪಟ್ಟಿ ಇದೆ, ಹಾಗಾಗಿ ಕೋಲ್ಟ್‌ಗಿಂತ ಗಟ್ಟಿ. ಆದರೆ ಕರಿಮದ್ದಿನ ಮಸಿ ಹಿಡಿದು ಸಿಲಿಂಡರ್ ಬೇಗ ಬಿಗಿಯುತ್ತದೆ, ಯಾಕೆಂದರೆ ನಡುವಿನ ಪಿನ್ನು ಸಣ್ಣದು, ಗ್ರೀಸ್ ನಿಲ್ಲಲು ಅದರಲ್ಲಿ ಜಾಗ ಇಲ್ಲ. ಕೋಲ್ಟ್‌ನ ದಪ್ಪ ನಡುಕಂಬದಲ್ಲಿ ತೋಡುಗಳು ಇವೆ, ಗ್ರೀಸ್ ಅಲ್ಲೇ ಕೂತಿರುತ್ತದೆ.

ಇನ್ನು 1873. ಅಶ್ವದಳದ ರಿವಾಲ್ವರ್ ಅಂದ ತಕ್ಷಣ ಹೆಚ್ಚಿನವರ ಕಣ್ಣ ಮುಂದೆ ಬರುವುದು ಇದೇ, ಕೋಲ್ಟ್ ಸಿಂಗಲ್ ಆಕ್ಷನ್ ಆರ್ಮಿ, .45 ತೋಟಾ, 7.5 ಇಂಚಿನ ಬ್ಯಾರೆಲ್. ಆ ವರ್ಷ ಸೈನ್ಯ ಕೊಟ್ಟ ಮೊದಲ ಆರ್ಡರ್ 8,000. 1876ರ ಜೂನ್‌ನಲ್ಲಿ ಲಿಟಲ್ ಬಿಗ್‌ಹಾರ್ನ್‌ಗೆ ಹೋದ 7ನೇ ಅಶ್ವದಳದವರ ಸೊಂಟದಲ್ಲಿ ಇದ್ದದ್ದು ಇದೇ. ಕತ್ತಿಗಳನ್ನು ಹಿಂದೆ ಬಿಟ್ಟು ಹೋಗಿದ್ದರು. ಅಲ್ಲಿನ ಮೂಲನಿವಾಸಿ ಯೋಧರ ಎದುರು ಸೋತು ಅವರಲ್ಲಿ ಬಹಳ ಮಂದಿ ಸತ್ತರು. ಅದನ್ನು ನೆನೆದು ಈ ರಿವಾಲ್ವರ್ ಕೈಗೆತ್ತಿಕೊಂಡರೆ ಮನಸ್ಸು ಸುಮ್ನೆ ಭಾರವಾಗುತ್ತದೆ.

ನಕಲು ಕೊಳ್ಳುವವರು ಎಡವುವುದೂ ಇಲ್ಲೇ ಜಾಸ್ತಿ. 5.5 ಇಂಚಿನದನ್ನು ಅಶ್ವದಳದ್ದು ಅಂತ ಮಾರುತ್ತಾರೆ. ಸೈನ್ಯ ಹಳೆಯ ರಿವಾಲ್ವರ್‌ಗಳನ್ನು ವಾಪಸ್ ತರಿಸಿ ಬ್ಯಾರೆಲ್ ಕತ್ತರಿಸಿದ್ದು 1890ರ ದಶಕದಲ್ಲಿ, ಸಂಗ್ರಾಹಕರು ಅವುಗಳನ್ನು ಆರ್ಟಿಲರಿ ಮಾಡೆಲ್ ಅಂತ ಕರೆಯುತ್ತಾರೆ. 1876ರ ಸವಾರನಿಗೆ ಅದು ಸಲ್ಲದು. ಎರಡನೆಯದು ಸಿಲಿಂಡರ್ ಪಿನ್ ಹಿಡಿಯುವ ಬಗೆ. ಫ್ರೇಮಿನ ಮುಂದಿನಿಂದ ಒಂದು ಸ್ಕ್ರೂ ಓರೆಯಾಗಿ ಒಳಗೆ ಹೋಗಿದ್ದರೆ ಅದು ಹಳೆಯ ಕರಿಮದ್ದಿನ ಕಾಲದ ಫ್ರೇಮು, ನಿಮಗೆ ಬೇಕಾದದ್ದು. ಅಡ್ಡಲಾಗಿ ಸ್ಪ್ರಿಂಗ್ ಒತ್ತುಗುಂಡಿ ಇದ್ದರೆ 1890ರ ದಶಕದ ನಂತರದ ರೂಪ. ಖಾಲಿ ತೋಟಾ ಹೊರತಳ್ಳುವ ಎಜೆಕ್ಟರ್ ಕಡ್ಡಿಯ ತಲೆ ದುಂಡಗೆ, ನಡುವೆ ತೂತಿರುವ ಬಿಲ್ಲೆಯಂತೆ ಇರಬೇಕು. ಅರ್ಧಚಂದ್ರದ ತಲೆ ಆಮೇಲೆ ಬಂದದ್ದು. ಹಿಡಿ ಒಂದೇ ತುಂಡು ವಾಲ್ನಟ್ ಮರದ್ದು. ಫ್ರೇಮಿನ ಎಡಕ್ಕೆ ಯು.ಎಸ್. ಮುದ್ರೆ, ಹಿಡಿಯ ಮೇಲೆ ಪರೀಕ್ಷಕರ ಹೆಸರಿನ ಮೊದಲಕ್ಷರಗಳ ಮುದ್ರೆ. ಓ.ಡಬ್ಲ್ಯೂ.ಎ. ಅಂತ ಇದ್ದರೆ ಆರ್ವಿಲ್ ಏನ್ಸ್‌ವರ್ತ್, ಆರಂಭದ ಸೈನ್ಯದ ಕೋಲ್ಟ್‌ಗಳನ್ನು ಪರೀಕ್ಷಿಸಿದವರು. ಉಬೆರ್ಟಿ ಕಂಪನಿಯ ಕ್ಯಾಟಲ್‌ಮನ್ ಸಾಲಿನಲ್ಲಿ ಹಳೆಯ ಫ್ರೇಮಿನ ಮಾಡೆಲ್‌ಗಳು ಸಿಗುತ್ತವೆ. ಕೇಳಿ ತೆಗೆದುಕೊಳ್ಳಬೇಕು, ಕೇಳದಿದ್ದರೆ ಹೊಸ ಫ್ರೇಮಿನದೇ ಕೈಗೆ ಬರುತ್ತದೆ.

ಸ್ಕೋಫೀಲ್ಡ್ ಬಗ್ಗೆ ಒಂದೇ ಮಾತು. 10ನೇ ಅಶ್ವದಳದ ಜಾರ್ಜ್ ಸ್ಕೋಫೀಲ್ಡ್ ತಿದ್ದಿದ ಈ ಸ್ಮಿತ್ ಅಂಡ್ ವೆಸನ್ ಕಂಪನಿಯ ರಿವಾಲ್ವರ್ ನಡುವೆ ಮಡಚಿ ತೆರೆದುಕೊಳ್ಳುತ್ತದೆ, ಖಾಲಿ ತೋಟಾಗಳೆಲ್ಲ ಒಂದೇ ಸಲ ಹೊರಗೆ ಬರುತ್ತವೆ. ಕುದುರೆ ಮೇಲೆ ಕೂತವನಿಗೆ ದೊಡ್ಡ ಅನುಕೂಲ. ಆದರೆ ಅದರ ಅಸಲಿ ತೋಟಾ .45 ಕೋಲ್ಟ್‌ಗಿಂತ ಗಿಡ್ಡ. ಈಗಿನ ನಕಲುಗಳಲ್ಲಿ ಉದ್ದದ ತೋಟಾ ಹಿಡಿಸಲು ಸಿಲಿಂಡರ್ ಉದ್ದ ಮಾಡಿದ್ದಾರೆ, ಹಾಗಾಗಿ ಸಿಲಿಂಡರಿನ ಮುಂದೆ ಮಸಿಯನ್ನು ತಡೆಯುತ್ತಿದ್ದ ಉಂಗುರ ಕಿರಿದಾಗಿದೆ. ಕರಿಮದ್ದು ಹಾಕಿದರೆ ಕೆಲವೇ ಸುತ್ತಿಗೆ ಬಿಗಿಯುತ್ತದೆ. ಹೊಗೆಯಿಲ್ಲದ ಮದ್ದಿನ ತೋಟಾ ಹಾಕುವವರಿಗೆ ಇದು ತೊಂದರೆಯಲ್ಲ.

ಈಗ ಕಂಪನಿಯ ಮಾತಿಗೆ ಬರೋಣ. ಇವತ್ತಿನ ನಕಲುಗಳಲ್ಲಿ ಹೆಚ್ಚಿನವು ಬರುವುದು ಇಟಲಿಯ ಬ್ರೆಷಿಯಾ ಕಡೆಯಿಂದ. 1950ರ ದಶಕದ ಕೊನೆಯಲ್ಲಿ ಅಮೆರಿಕದ ವಾಲ್ ಫೋರ್ಗೆಟ್ ಅಲ್ಲಿನ ಕುಶಲಕರ್ಮಿಗಳಿಂದ ಕೋಲ್ಟ್ ನಕಲು ಮಾಡಿಸಿದ್ದೇ ಈ ಉದ್ಯಮದ ಶುರು. ಉಬೆರ್ಟಿ, ಪಿಯೆಟ್ಟಾ ಎರಡೂ ಒಳ್ಳೆಯವೇ. ಮಾರುವವರ ಹೆಸರು ಬೇರೆ ಇರಬಹುದು, ತಯಾರಿಸಿದವರ ಗುರುತು ಬ್ಯಾರೆಲ್ ಮೇಲೋ ಲಿವರಿನ ಕೆಳಗೋ ಸಿಗುತ್ತದೆ. ಬಳಸಿದ ಹಳೆಯ ನಕಲು ಕೊಳ್ಳುತ್ತಿದ್ದರೆ ಚೌಕದೊಳಗಿನ ಎರಡು ಅಕ್ಷರಗಳನ್ನು ಹುಡುಕಿ. ಬ್ರೆಷಿಯಾ ಬಳಿಯ ಗಾರ್ಡೋನೆಯ ಸರ್ಕಾರಿ ಪರೀಕ್ಷಾ ಕೇಂದ್ರ ಒತ್ತುವ ವರ್ಷದ ಗುರುತು ಅದು: ಎಎ ಅಂದರೆ 1975, ಬಿಎನ್ ಅಂದರೆ 2000. ಪಿಎನ್ ಅಂತ ಇದ್ದರೆ ಕರಿಮದ್ದಿಗೆ ಪರೀಕ್ಷಿಸಿದ್ದು ಅಂತ. ಕೇಪಿನ ರಿವಾಲ್ವರ್‌ಗಳಲ್ಲಿ (1873ಕ್ಕೆ ಮುಂಚಿನ, ತೋಟಾ ಇಲ್ಲದೆ ಮದ್ದು, ಗುಂಡು, ಕಿಡಿ ಕೊಡುವ ಸಣ್ಣ ಕೇಪು ಬಿಡಿಬಿಡಿಯಾಗಿ ಹಾಕುವಂಥವು) ಹೊಗೆಯಿಲ್ಲದ ಮದ್ದನ್ನು ಎಂದೂ ಹಾಕಬೇಡಿ, ಒಂದು ಚಿಟಿಕೆ ಕೂಡ. ಸಿಲಿಂಡರ್ ಸಿಡಿಯುತ್ತದೆ.

ಕೈಯಲ್ಲಿ ಹಿಡಿದು ಪರೀಕ್ಷಿಸುವಾಗ ಮೊದಲ ಕೆಲಸ ಸಿಲಿಂಡರಿನ ಆರೂ ಕೋಣೆ ಖಾಲಿ ಇವೆಯೇ ಅಂತ ಕಣ್ಣಾರೆ ನೋಡುವುದು. ಮಾರುವವರು ಹೇಳಿದರೂ ನೋಡಿ. ಆಮೇಲೆ ಹ್ಯಾಮರನ್ನು (ಹಿಂದೆ ಇರುವ, ಹೊಡೆದು ಗುಂಡು ಹಾರಿಸುವ ಸುತ್ತಿಗೆ) ನಿಧಾನವಾಗಿ ಹಿಂದಕ್ಕೆ ಎಳೆಯಿರಿ. 1873ರಲ್ಲಿ ನಾಲ್ಕು ಸದ್ದು ಕೇಳಬೇಕು, ಒಂದೊಂದೂ ಬಿಡಿಬಿಡಿಯಾಗಿ. ಪೂರ್ತಿ ಎಳೆದಾಗ ಸಿಲಿಂಡರ್ ಅಲ್ಲಾಡದೆ ನಿಲ್ಲಬೇಕು. ಹಾಗೇ ಇಟ್ಟು ಟ್ರಿಗರ್ ಮುಟ್ಟದೆ ಹೆಬ್ಬೆರಳಿನಿಂದ ಹ್ಯಾಮರನ್ನು ಮುಂದಕ್ಕೆ ಒತ್ತಿ. ಜಾರಿದರೆ ವಾಪಸ್ ಕೊಟ್ಟುಬಿಡಿ. ಸಿಲಿಂಡರಿನ ಸುತ್ತ ಒಂದು ಕುಳಿಯಿಂದ ಇನ್ನೊಂದಕ್ಕೆ ಗೀರಿನ ಉಂಗುರ ಬಿದ್ದಿದ್ದರೆ ಆ ಕುಳಿಗೆ ಕೂತು ಸಿಲಿಂಡರನ್ನು ನಿಲ್ಲಿಸುವ ಒಳಗಿನ ಹಿಡಿಗುಂಡಿ ಬೇಗ ಮೇಲೇಳುತ್ತಿದೆ ಅಂತ ಅರ್ಥ, ಅಥವಾ ಯಾರೋ ಹ್ಯಾಮರನ್ನು ಅರ್ಧಕ್ಕೇ ಬಿಟ್ಟು ಸಿಲಿಂಡರ್ ತಿರುಗಿಸಿದ್ದಾರೆ.

1860ರಂಥ, ಬ್ಯಾರೆಲನ್ನು ನಡುಕಂಬಕ್ಕೆ ಬೆಣೆ ಹಾಕಿ ಬಿಗಿಸುವ ಕೋಲ್ಟ್‌ಗಳಿಗೆ ಇನ್ನೊಂದು ಪರೀಕ್ಷೆ ಇದೆ, ಇದನ್ನು ಬಿಡಲೇಬೇಡಿ. ಬೆಣೆ ತೆಗೆದು, ಬ್ಯಾರೆಲನ್ನು ಕಳಚಿ, ಸಿಲಿಂಡರನ್ನು ಪಕ್ಕಕ್ಕಿಡಿ. ಬ್ಯಾರೆಲನ್ನು ಮತ್ತೆ ನಡುಕಂಬದ ಮೇಲೆ ಏರಿಸಿ, ಆದರೆ ಸ್ವಲ್ಪ ಓರೆಯಾಗಿ, ಬ್ಯಾರೆಲಿನ ಹಿಂತುದಿಯಲ್ಲಿ ಕೆಳಗೆ ಚಾಚಿದ ಮೂತಿ ಫ್ರೇಮಿನ ಪಕ್ಕಕ್ಕೆ ಬರುವ ಹಾಗೆ. ತಳ ಮುಟ್ಟುವವರೆಗೆ ಒತ್ತಿ. ಮೂತಿಯ ಅಂಚು ಫ್ರೇಮಿನ ಅಂಚಿಗೆ ಸರಿಸಮ ನಿಂತರೆ ಕಂಬ ಸರಿ ಇದೆ. ಮೂತಿ ಫ್ರೇಮನ್ನು ದಾಟಿ ಹಿಂದಕ್ಕೆ ಹೋದರೆ ಕಂಬ ಗಿಡ್ಡ. ಉಬೆರ್ಟಿಯ ಬೆಣೆ ಮಾದರಿಗಳಲ್ಲಿ ಇದು ಚಿರಪರಿಚಿತ ತೊಂದರೆ. ಆಗ ಬೆಣೆ ಎಷ್ಟು ಒಳಗೆ ಹೋಗುತ್ತದೋ ಅದರ ಮೇಲೆ ಬ್ಯಾರೆಲಿನ ಸಂದು ಬದಲಾಗುತ್ತಲೇ ಇರುತ್ತದೆ, ಸಿಲಿಂಡರ್ ಒಮ್ಮೆ ಸಡಿಲ, ಒಮ್ಮೆ ಬಿಗಿ. ಒಳಗೆ ಸಣ್ಣ ಉಕ್ಕಿನ ಬಿಲ್ಲೆ ಕೂರಿಸಿ ಸರಿ ಮಾಡಬಹುದು, ಬಲ್ಲವರ ಕೈಲಿ ಮಾಡಿಸಿ.

ಕಾನೂನಿನ ವಿಷಯ: ಅಮೆರಿಕದ 1968ರ ಫೆಡರಲ್ ಕಾನೂನಿನ ಪ್ರಕಾರ ಕೇಪಿನ ನಕಲುಗಳು ಪುರಾತನ ಆಯುಧದ ಲೆಕ್ಕ. ತೋಟಾ ಹಾಕುವ 1873 ಮತ್ತು ಸ್ಕೋಫೀಲ್ಡ್ ನಕಲುಗಳು ಹಾಗಲ್ಲ, ಪೂರ್ತಿ ಬಂದೂಕಿನ ನಿಯಮಗಳೇ. ರಾಜ್ಯಗಳ ಕಾಯ್ದೆ ಬೇರೆ ಬೇರೆ, ಹಣ ಕೊಡುವ ಮುಂಚೆ ನೋಡಿಕೊಳ್ಳಿ.

ಹ್ಯಾಮರ್ ಎಲ್ಲಿ ಇಳಿಸಬೇಕು ಅನ್ನುವುದನ್ನೂ ಕಲಿತುಕೊಳ್ಳಿ. ಹಳೆಯ ರೀತಿಯ 1873ರಲ್ಲಿ ಹ್ಯಾಮರಿನ ಮೊನೆ ನೇರ ತೋಟಾದ ಮೇಲೆ ಕೂರುತ್ತದೆ. ರಿವಾಲ್ವರ್ ಕೆಳಗೆ ಬಿದ್ದರೆ ಗುಂಡು ಹಾರುತ್ತದೆ. ಹಾಗಾಗಿ ಐದು ಮಾತ್ರ ತುಂಬಿ, ಹ್ಯಾಮರನ್ನು ಖಾಲಿ ಕೋಣೆಯ ಮೇಲೆ ಇಳಿಸಿ. ಒಂದು ತುಂಬಿ, ಒಂದು ಬಿಟ್ಟು, ನಾಲ್ಕು ತುಂಬಿ, ಹ್ಯಾಮರ್ ಪೂರ್ತಿ ಎಳೆದು ಮೆಲ್ಲಗೆ ಇಳಿಸಿದರೆ ಖಾಲಿ ಕೋಣೆ ಸರಿಯಾಗಿ ಅಡಿಗೆ ಬಂದಿರುತ್ತದೆ. 1860ರ ಕೋಲ್ಟ್‌ನಲ್ಲಿ ಕೋಣೆಗಳ ನಡುವೆ ಸಣ್ಣ ಮೊಳೆಗಳಿವೆ, ರೆಮಿಂಗ್ಟನ್‌ನಲ್ಲಿ ಕಚ್ಚುಗಳಿವೆ, ಹ್ಯಾಮರ್ ಅಲ್ಲಿ ಕೂರಲಿ ಅಂತಲೇ ಮಾಡಿದ್ದು. ಕಾಲ ಸರಿದಂತೆ ಕೋಲ್ಟ್‌ನ ಮೊಳೆಗಳು ಸವೆಯುತ್ತವೆ, ಅದಕ್ಕೇ ನಾನು ಎಲ್ಲದರಲ್ಲೂ ಐದೇ ತುಂಬುತ್ತೇನೆ.

ಕೊನೆಗೆ ತೊಳೆಯುವುದು. ಕರಿಮದ್ದಿನ ಮಸಿ ಗಾಳಿಯ ತೇವವನ್ನು ಹೀರಿಕೊಂಡು ಉಕ್ಕನ್ನು ತಿನ್ನುತ್ತದೆ. ಒಮ್ಮೆ ಸುಸ್ತಾಗಿತ್ತು ಅಂತ ಬೆಳಿಗ್ಗೆ ನೋಡಿದರಾಯಿತು ಎಂದು ಮಲಗಿಬಿಟ್ಟೆ. ಬೆಳಿಗ್ಗೆ ಬ್ಯಾರೆಲಿನ ಒಳಗೆ ಕಂದು ಪುಡಿ. ಹೊಸ 1860, ಇವತ್ತಿಗೂ ಆ ಗುಳಿಗಳು ಹಾಗೇ ಇವೆ. ಅದೇ ದಿನ ತೊಳೆಯಿರಿ. ಹಿಡಿಯ ಮರ ತೆಗೆದಿಡಿ. ಬ್ಯಾರೆಲ್, ಸಿಲಿಂಡರ್ ಬಿಸಿ ಸೋಪುನೀರಿನಲ್ಲಿ ಉಜ್ಜಿ, ಬರೀ ಬಿಸಿನೀರಲ್ಲಿ ಜಾಲಾಡಿಸಿ. ನೀರು ಬಿಸಿ ಇದ್ದಷ್ಟೂ ಲೋಹ ತಾನೇ ಬೇಗ ಒಣಗುತ್ತದೆ. ಕೇಪು ಕೂರುವ ನಿಪ್ಪಲ್‌ಗಳನ್ನು ಬಿಚ್ಚಿ ತೊಳೆದು, ತಿರುಪಿಗೆ ಚೂರು ಗ್ರೀಸ್ ಸವರಿ ಹಾಕಿ. ಇಲ್ಲದಿದ್ದರೆ ಮುಂದಿನ ಸಲ ಬಿಚ್ಚಲು ಬರುವುದಿಲ್ಲ. ನಡುಕಂಬಕ್ಕೆ ಜೇನುಮೇಣ ಮತ್ತು ಪ್ರಾಣಿಕೊಬ್ಬು ಸೇರಿಸಿದ ಗ್ರೀಸ್ ಒಳ್ಳೆಯದು, ಮಸಿಯನ್ನು ಮೆತ್ತಗೆ ಇಡುತ್ತದೆ. ಸ್ಕ್ರೂಗಳಿಗೆ ಅಂಚು ಸಮಾನಾಂತರವಾಗಿರುವ ಸ್ಕ್ರೂಡ್ರೈವರ್ ಬಳಸಿ. ಮನೆಯ ಮಾಮೂಲು ಬೆಣೆಯಾಕಾರದ ಸ್ಕ್ರೂಡ್ರೈವರ್ ಸ್ಕ್ರೂ ತಲೆಯನ್ನು ಕೆಡಿಸಿಬಿಡುತ್ತದೆ.

ಅಸಲಿಯಂತೆ ಕಾಣಲಿ ಅಂತ ಹಿಡಿಯ ಮೇಲಿನ ಕೆಂಪು ಮೆರುಗನ್ನು ತೆಗೆದು ಅಗಸೆ ಎಣ್ಣೆ ಹಚ್ಚುವುದು ಒಳ್ಳೆಯ ಕೆಲಸ, ನಾನೂ ಮಾಡಿದ್ದೇನೆ. ಇಟಲಿಯ ಗುರುತುಗಳನ್ನು ಉಜ್ಜಿ ಅಳಿಸುವುದು ಮಾತ್ರ ಬೇಡ. ನಾಳೆ ಅದು ಇನ್ನೊಬ್ಬರ ಕೈಗೆ ಹೋದಾಗ ಅಸಲಿ ಅಂತ ಮಾರಾಟವಾಗಬಾರದು.

ಒರೆ ಬೇಕೆಂದರೆ ಮುಚ್ಚಳ ಇರುವ ಕಪ್ಪು ಚರ್ಮದ್ದು, ಬಲ ಸೊಂಟಕ್ಕೆ, ಹಿಡಿ ಮುಂದಕ್ಕೆ ಬರುವ ಹಾಗೆ. ಬಲಗೈಲಿ ಕತ್ತಿ ಇದ್ದಾಗ ಎಡಗೈಯಿಂದಲೂ ಎಳೆಯಲು ಬರಲಿ ಅಂತ ಹಾಗೆ ಕಟ್ಟುತ್ತಿದ್ದರು ಎನ್ನುತ್ತಾರೆ. ರಿವಾಲ್ವರನ್ನು ಅದರೊಳಗೇ ಇಟ್ಟು ಮರೆಯಬೇಡಿ. ಚರ್ಮ ತೇವ ಹಿಡಿಯುತ್ತದೆ, ಹದ ಮಾಡಿದ ಉಪ್ಪುಗಳೂ ಅದರಲ್ಲಿರುತ್ತವೆ. ಎಣ್ಣೆ ಸವರಿ, ಬಟ್ಟೆಯಲ್ಲಿ ಸುತ್ತಿ, ಬೀಗ ಹಾಕಿದ ಪೆಟ್ಟಿಗೆಯಲ್ಲಿಡಿ. ಒಂದು ವಾರ ಬಿಟ್ಟು ಮತ್ತೆ ತೆಗೆದು ಬ್ಯಾರೆಲ್ ಒಳಗೆ ಬಿಳಿ ಬಟ್ಟೆ ಎಳೆಯಿರಿ. ಬಟ್ಟೆ ಕಂದಾಗಿ ಬಂದರೆ ಇನ್ನೊಮ್ಮೆ ಎಣ್ಣೆ ಹಾಕಿ.