ಸಾವಿರ ಜನರ ಚಿತ್ರಗೋಡೆ: ಪ್ಯೊಂಗ್ಯಾಂಗ್ ಮಾದರಿ

ಉತ್ತರ ಕೊರಿಯಾದ ರಾಜಧಾನಿ ಪ್ಯೊಂಗ್ಯಾಂಗಿನ ಮೇ ದಿನ ಕ್ರೀಡಾಂಗಣದಲ್ಲಿ ಸಾಮೂಹಿಕ ಕವಾಯತು ನಡೆಯುವಾಗ ಹಿಂದೆ ಕಾಣುವ ದೈತ್ಯ ಚಿತ್ರ ಪರದೆಯದ್ದಲ್ಲ. ಬಣ್ಣದ ಪುಸ್ತಕ ಹಿಡಿದು ಕುಳಿತ ಸುಮಾರು 20,000 ಶಾಲಾಮಕ್ಕಳದು. ಅದೇ ತಂತ್ರವನ್ನು ಸಣ್ಣದಾಗಿ ಮಾಡಲು 1,000 ಜನ ಸಾಕು: 25 ಸಾಲು, ಸಾಲಿಗೆ 40. ಮೆಟ್ಟಿಲು ಗ್ಯಾಲರಿ ಮಾತ್ರ ಬೇಕೇ ಬೇಕು.

ಚಿತ್ರವನ್ನು ಗ್ರಾಫ್ ಹಾಳೆಯಲ್ಲಿ 40×25 ಮನೆಗಳಾಗಿ ಬಿಡಿಸಿ. ಒಂದು ಮನೆ ಒಬ್ಬರ ಆಸನ, ಮನೆಗೊಂದೇ ಬಣ್ಣ ತುಂಬಿ. ಇಂಗ್ಲಿಷ್ ಅಕ್ಷರ 7 ಸಾಲಿನಲ್ಲಿ ನಿಲ್ಲುತ್ತದೆ. ಕನ್ನಡಕ್ಕೆ ಅದು ಸಾಲದು. ‘ರಾಷ್ಟ್ರ’ ಬರೆಯಹೊರಟರೆ ಒತ್ತುಗಳಿಗೇ ಜಾಗ ಹೋಗುತ್ತದೆ, 16 ಸಾಲಾದರೂ ಇಡಿ.

ಪುಸ್ತಕಕ್ಕೆ 45 ಸೆಂ.ಮೀ. ಚೌಕದ ರಟ್ಟು. ಹೊಳಪಿನ ಕಾಗದ ಬೇಡ, ಹೊನಲು ಬೆಳಕಿಗೆ ಬಿಳಿ ಮಚ್ಚೆಯಾಗಿ ಕಾಣುತ್ತದೆ. ಚಿತ್ರಕ್ಕೊಂದು ಪುಟ. ಎಲ್ಲರ ಪುಸ್ತಕದಲ್ಲೂ ಪುಟಸಂಖ್ಯೆ ಒಂದೇ, ಬಣ್ಣವಷ್ಟೇ ಬೇರೆ. ಮುಂದಿನ ಚಿತ್ರದಲ್ಲಿ ಬಣ್ಣ ಬದಲಾಗದ ಮನೆಗೂ ಹೊಸ ಪುಟ ಅಂಟಿಸಿ. ಉಳಿತಾಯಕ್ಕೆಂದು ಬಿಟ್ಟರೆ ಅಲ್ಲಿಂದಾಚೆ ಆ ಆಸನದ ಎಣಿಕೆಯೆಲ್ಲ ಎಡವಟ್ಟು. ಅತಿ ಹೆಚ್ಚು ಆಗುವ ತಪ್ಪೆಂದರೆ ಎರಡು ಪುಟ ಒಟ್ಟಿಗೆ ಮಗುಚುವುದು. ಪ್ರತಿ ಪುಟದ ಅಂಚಿಗೆ ಒಂದರ ಕೆಳಗೊಂದು ಬರುವಂತೆ ಬಟ್ಟೆಯ ಕಿವಿ, ಅಂದರೆ ಹಿಡಿದು ತಿರುವಲು ಪುಟ್ಟ ಪಟ್ಟಿ, ಅಂಟಿಸಿದರೆ ಇದು ಬಹುಪಾಲು ನಿಲ್ಲುತ್ತದೆ.

ಎದುರಿನ ಗ್ಯಾಲರಿಯಿಂದ ಸನ್ನೆ ಎರಡು ಹಂತದಲ್ಲಿರಲಿ. ಸಂಖ್ಯೆಯ ಫಲಕ ಎದ್ದಾಗ ಹೆಬ್ಬೆರಳು ಆ ಪುಟದ ಕಿವಿಗೆ. ಬಾವುಟ ಇಳಿದಾಗ ತಿರುವು. ಒಂದೇ ಸನ್ನೆಯಾದರೆ ಪುಟ ಹುಡುಕುವವರಿಂದ ಗೋಡೆ ಚಿಂದಿಯಾಗುತ್ತದೆ. ಅಲೆ ಬೇಕಿದ್ದರೆ ಎಡದಿಂದ ಬಲಕ್ಕೆ ಪಕ್ಕದವರು ತಿರುವಿದ ಮೇಲೆ ತಿರುವಬೇಕು. ಪುಸ್ತಕದ ಮೇಲಂಚಿನಿಂದ ಕಣ್ಣು ಮಾತ್ರ ಇಣುಕಲಿ.

ಹಿಡಿದು ಕೂತವರಿಗೆ ಚಿತ್ರ ಕಾಣುವುದೇ ಇಲ್ಲ, ಸಂಖ್ಯೆಯಷ್ಟೇ. ಒಬ್ಬನ ತಪ್ಪು ಇಡೀ ಪ್ರದರ್ಶನ ಕೆಡಿಸುತ್ತದೆಂಬ ಎಚ್ಚರವೇ ಮಕ್ಕಳನ್ನು ಸಮೂಹಕ್ಕೆ ಒಗ್ಗಿಸುತ್ತದೆ ಎಂದು ಮುಂದೆ ಉತ್ತರ ಕೊರಿಯಾದ ನಾಯಕನಾದ ಕಿಮ್ ಜೊಂಗ್ ಇಲ್ 1987ರಲ್ಲೇ ಹೇಳಿದ್ದ. ತಿಂಗಳುಗಟ್ಟಲೆಯ ಆ ತಾಲೀಮಿನ ಕ್ರೌರ್ಯವನ್ನು ವಿಶ್ವಸಂಸ್ಥೆಯ ತನಿಖಾ ಆಯೋಗ 2014ರಲ್ಲಿ ದಾಖಲಿಸಿದೆ. ತಂತ್ರ ಕಲಿಯಿರಿ, ಅದನ್ನಲ್ಲ: ಅರ್ಧ ಗಂಟೆಗೊಮ್ಮೆ ನೀರು, ನೆರಳು, ವಿರಾಮ.

ಅಲ್ಲಿ ಆಟ ಶುರುವಾಗುವ ಮುನ್ನ ಮಕ್ಕಳು ತಮ್ಮ ತಮ್ಮ ವಲಯದ ಹೆಸರು ಮೂಡಿಸಿ ಕೂಗು ಹಾಕುತ್ತಾರೆ. ನೀವೂ ಮೊದಲ ಎರಡು ಪುಟವನ್ನು ಅದಕ್ಕೇ ಮೀಸಲಿಡಿ. ಪುಸ್ತಕ ಅದಲುಬದಲಾದ ಆಸನ ಅಲ್ಲೇ ಸಿಕ್ಕಿಬೀಳುತ್ತದೆ.