ಮಾಂಟ್ರಿಯಲ್‌ಗೆ ಹೊಸದಾಗಿ ಬಂದಿದ್ದೀರಾ? ಆನ್ ಡೊರ್ವಾಲ್ ಅವರನ್ನು ನೋಡಿ, ಕೇಳಿ

ನಾನು ಇಲ್ಲಿಗೆ ಬಂದ ಹೊಸದರಲ್ಲಿ ಫ್ರೆಂಚ್ ಕ್ಲಾಸಿನಲ್ಲಿ ಎಲ್ಲ ಅರ್ಥವಾಗುತ್ತಿತ್ತು. ಹೊರಗೆ ಬಂದು ಬಸ್ ಹತ್ತಿದರೆ ಡ್ರೈವರ್ ಹೇಳಿದ್ದು ಒಂದಕ್ಷರವೂ ತಿಳಿಯುತ್ತಿರಲಿಲ್ಲ. ಕ್ಲಾಸಿನದು ಪುಸ್ತಕದ ಭಾಷೆ, ಬೀದಿಯದು ಬೇರೆ. ಆ ಬೀದಿಯ ಮಾತನ್ನು ಇಲ್ಲಿನವರು 'ಜುವಾಲ್' ಅಂತಾರೆ. ಅದು ನನ್ನ ಕಿವಿಗೆ ಹತ್ತಿದ್ದು ಒಬ್ಬ ನಟಿಯಿಂದ. ಹೊಸದಾಗಿ ಬಂದವರಿಗೆಲ್ಲ ನಾನು ಮೊದಲು ಹೇಳುವ ಹೆಸರು ಅವರದೇ.

ಆನ್ ಡೊರ್ವಾಲ್ ಹುಟ್ಟಿದ್ದು 1960ರಲ್ಲಿ, ಮಾಂಟ್ರಿಯಲ್ ಇರುವ ಕೆನಡಾದ ಕ್ಯೂಬೆಕ್ ಪ್ರಾಂತ್ಯದ ವಾಯವ್ಯಕ್ಕಿರುವ ನೊರಾಂಡಾ ಎಂಬ ಗಣಿ ಊರಿನಲ್ಲಿ. ಮಾಂಟ್ರಿಯಲ್‌ನಲ್ಲಿ ನಾಟಕ ಕಲಿತರು. ರಂಗಭೂಮಿ, ಟೀವಿ, ಡಬ್ಬಿಂಗ್ ಎಲ್ಲ ಮಾಡಿದರು. ಹಾಲಿವುಡ್ ಸಿನಿಮಾಗಳಿಗೆ ಇಲ್ಲಿನ ಕಲಾವಿದರೇ ಫ್ರೆಂಚ್ ದನಿ ಕೊಡುವುದುಂಟು, ಅದೂ ಅವರ ಅನ್ನದ ದಾರಿ. ಡಬ್ಬಿಂಗ್ ಬೇಡ ಅಂತ ದಶಕಗಳ ಕಾಲ ಹೋರಾಡಿದ ನಾಡಿನಿಂದ ಬಂದ ನಮಗೆ ಇದು ಹೊಸದು, ಅಲ್ವಾ?

ಶುರು ಮಾಡೋದು 'ಲೆ ಪರಾಂ' ಧಾರಾವಾಹಿಯಿಂದ ಮಾಡಿ. 2008ರಿಂದ 2016ರವರೆಗೆ ಬಂತು. ಅಪ್ಪ, ಅಮ್ಮ, ಮೂವರು ಗಂಡುಮಕ್ಕಳ ಮನೆ. ಡೊರ್ವಾಲ್ ಅವರದು ಅಮ್ಮನ ಪಾತ್ರ. ಊಟ, ಹೋಮ್‌ವರ್ಕ್, ಬೈಗುಳ, ಮುದ್ದು, ದಿನಬಳಕೆಯ ಮಾತೆಲ್ಲ ಅದರಲ್ಲಿದೆ. ಫ್ರೆಂಚ್ ಸಬ್‌ಟೈಟಲ್ ಸಿಕ್ಕರೆ ಹಾಕಿಕೊಂಡು ಹತ್ತು ನಿಮಿಷ ನೋಡಿ. ಆಮೇಲೆ ಅದೇ ಹತ್ತು ನಿಮಿಷ ಸಬ್‌ಟೈಟಲ್ ತೆಗೆದು ನೋಡಿ.

ಒಂದು ವಿಷಯ ಬೇಗ ಹಿಡಿದುಕೊಳ್ತೀರಿ. ಇಲ್ಲಿ ಕ್ರಿಯಾಪದ ಆದ ಮೇಲೆ 'ತು' ಸೇರಿಸಿ ಪ್ರಶ್ನೆ ಮಾಡ್ತಾರೆ: 'ಸಾ ವಾ ತು?' ಈ 'ತು' ಅಂದರೆ 'ನೀನು' ಅಲ್ಲ. ನಮ್ಮ 'ಬಂದ' ಅನ್ನೋದು 'ಬಂದನಾ?' ಆಗುತ್ತಲ್ಲ, ಆ 'ಆ' ಮಾಡುವ ಕೆಲಸವನ್ನೇ ಇದು ಮಾಡುತ್ತೆ. 'ಪಾಂತೂತ್' ಅಂದರೆ 'ಸ್ವಲ್ಪವೂ ಇಲ್ಲ'.

ಆಮೇಲೆ ಸಿನಿಮಾ. ಕ್ಸೇವಿಯೆ ದೊಲಾನ್ ಎಂಬ ಇಪ್ಪತ್ತರ ಹುಡುಗ 2009ರಲ್ಲಿ ಮಾಡಿದ ಮೊದಲ ಚಿತ್ರ 'ಜೆ ತ್ಯುಯೆ ಮ ಮೇರ್'ನಲ್ಲಿ ಮಗನ ಜೊತೆ ಸದಾ ಜಗಳವಾಡುವ ಅಮ್ಮನಾಗಿ ಡೊರ್ವಾಲ್ ನಟಿಸಿದರು. ಐವತ್ತರ ಹತ್ತಿರದ ನಟಿಗೆ ಅದು ದೊಡ್ಡ ತಿರುವು. 2014ರಲ್ಲಿ ಅದೇ ನಿರ್ದೇಶಕನ 'ಮಮ್ಮಿ' ಬಂತು. ಫ್ರಾನ್ಸಿನ ಕಾನ್ ಸಿನಿಮಾ ಉತ್ಸವದಲ್ಲಿ ಇನ್ನೊಂದು ಚಿತ್ರದ ಜೊತೆ ಜ್ಯೂರಿ ಪ್ರಶಸ್ತಿ ಹಂಚಿಕೊಂಡಿತು. ಗಂಡ ಸತ್ತ ಹೆಂಗಸು (ಇದು ಡೊರ್ವಾಲ್ ಅವರ ಪಾತ್ರ), ಹಿಡಿತಕ್ಕೆ ಸಿಗದ ಹದಿಹರೆಯದ ಮಗ, ಮಾತು ತೊದಲುವ ಎದುರುಮನೆ ಟೀಚರ್. ಮೂವರೂ ಅಡುಗೆಮನೆಯಲ್ಲಿ ಸೆಲೀನ್ ಡಿಯಾನ್ ಹಾಡಿಗೆ ಕುಣಿಯುವ ದೃಶ್ಯವೊಂದಿದೆ. ಬಿಗುಮಾನದ ಟೀಚರ್ ಹಿಂದೆ ಸರಿಯುತ್ತಾ, ಆಮೇಲೆ ನಿಧಾನಕ್ಕೆ ಸೇರಿಕೊಳ್ತಾರೆ. ನಾನು ಅದನ್ನು ಎಷ್ಟು ಸಲ ನೋಡಿದ್ದೀನೋ! ಪರದೆಯೇ ಇಲ್ಲಿ ಚೌಕ, ಫೋಟೋ ಫ್ರೇಮಿನಷ್ಟು. ಮಧ್ಯದಲ್ಲಿ ಒಮ್ಮೆ ಹುಡುಗ ಎರಡೂ ಕೈ ಚಾಚಿ ಆ ಚೌಕವನ್ನೇ ಅಗಲ ಮಾಡ್ತಾನೆ. ಮನೆಯ ಉಸಿರುಗಟ್ಟು ಕಳೆದ ಆ ಒಂದು ಗಳಿಗೆ ನೋಡುವವರಿಗೂ ತಾಕುತ್ತೆ. ಮಕ್ಕಳ ಜೊತೆ ನೋಡಬೇಡಿ, ಒರಟು ಸಿನಿಮಾ.

ಇದರಲ್ಲಿ 'ತಾಬರ್ನಾಕ್' ಮಾದರಿಯ ಬೈಗುಳ ಜಾಸ್ತಿ. ಇವೆಲ್ಲ ಚರ್ಚಿನ ಪೂಜಾ ಸಾಮಾನಿನ ಹೆಸರುಗಳು. ಒಂದು ಕಾಲಕ್ಕೆ ಊರೆಲ್ಲ ಚರ್ಚಿನ ಹಿಡಿತದಲ್ಲಿತ್ತು, ಅದರ ಮೇಲಿನ ಸಿಟ್ಟು ಬೈಗುಳದಲ್ಲಿ ಉಳಿದಿದೆ. ಕೇಳಿ ಅರ್ಥ ಮಾಡಿಕೊಳ್ಳಿ, ಆಫೀಸಿನಲ್ಲಿ ಮಾತ್ರ ನೀವು ಬಳಸಬೇಡಿ. ಈ ಭಾಷೆ ಎಷ್ಟು ಬೇರೆ ಅಂದರೆ, ಪ್ಯಾರಿಸ್ಸಿನವರಿಗೂ ಸಬ್‌ಟೈಟಲ್ ಬೇಕಾಯಿತು. ಆದ್ದರಿಂದ ಮೊದಲ ಸಲ ತಿಳಿಯದಿದ್ದರೆ ಬೇಜಾರು ಮಾಡಿಕೊಳ್ಳಬೇಡಿ.

ಡಿವಿಡಿಗೆ ದುಡ್ಡು ಕೊಡಬೇಕಿಲ್ಲ. ಬೆರಿ-ಯುಕಾಮ್ ಮೆಟ್ರೋದ ಹತ್ತಿರ ದೊಡ್ಡ ಲೈಬ್ರರಿ ಇದೆ, 'ಗ್ರಾಂದ್ ಬಿಬ್ಲಿಯೊತೆಕ್'. ಕ್ಯೂಬೆಕ್‌ನಲ್ಲಿ ಇರುವವರಿಗೆ ಸದಸ್ಯತ್ವ ಉಚಿತ. ಮನೆ ವಿಳಾಸದ ದಾಖಲೆ ತೆಗೆದುಕೊಂಡು ಹೋಗಿ. ಅಲ್ಲಿನವರ ಹತ್ತಿರ 'ಮಮ್ಮಿ' ಇದೆಯಾ ಅಂತ ಫ್ರೆಂಚಿನಲ್ಲೇ ಕೇಳಿ.