ಉಪ್ಪುನೀರಿನ ಮಿಡಿಸೌತೆಯನ್ನು ಗರಿಗರಿಯಾಗಿ ಕರಿಯಲು ಕಲಿತದ್ದು

ಉಪ್ಪಿನಕಾಯಿಯನ್ನು ಎಣ್ಣೆಯಲ್ಲಿ ಕರಿಯುತ್ತೇನೆಂದು ನಾನು ಹೇಳಿದ ದಿನ ನಮ್ಮ ಅತ್ತೆ ಕೈಯಲ್ಲಿದ್ದ ಮೊರವನ್ನು ಕೆಳಗಿಟ್ಟು ನನ್ನ ಮುಖ ನೋಡಿದರು. ‘ಮಾವಿನಕಾಯಿ ಹೋಳು ಕಾದ ಎಣ್ಣ್ಯಾಗ ಬಿಟ್ರ ಖಾರ ಸುಟ್ಟು ಓಣಿ ಮಂದಿಯೆಲ್ಲಾ ಕೆಮ್ಮತಾರವ್ವಾ’ ಎಂದರು. ಅವರು ಹೇಳಿದ್ದು ಸರಿಯಾಗಿಯೇ ಇತ್ತು. ಉಪ್ಪಿನಕಾಯಿ ಎಂದ ಕೂಡಲೇ ಗಂಗಾವತಿಯ ಯಾವ ಮನೆಯಲ್ಲಾದರೂ ಕಣ್ಣಿಗೆ ಬರುವುದು ಖಾರ, ಸಾಸಿವೆ, ಎಣ್ಣೆಗಳಲ್ಲಿ ಮುಳುಗಿದ ಮಾವು ಅಥವಾ ನಿಂಬೆಯ ಜಾಡಿ. ಆದರೆ ನಾನು ಹೇಳುತ್ತಿದ್ದುದು ಬರಿಯ ಉಪ್ಪುನೀರಿನಲ್ಲಿ ಹುಳಿ ಬಂದ ಸೌತೆಯನ್ನು. ಅದನ್ನು ಬಿಲ್ಲೆಗಳಾಗಿ ಕೊಯ್ದು, ಹಿಟ್ಟಿನಲ್ಲಿ ಅದ್ದಿ ಕರಿಯುವ ಪದ್ಧತಿ ಅಮೆರಿಕದ ಅರ್ಕಾನ್ಸಾ ರಾಜ್ಯದ್ದು. ಅಲ್ಲಿನ ಅಟ್ಕಿನ್ಸ್ ಎಂಬ ಸಣ್ಣ ಊರಿನಲ್ಲಿ ಉಪ್ಪಿನಕಾಯಿ ಕಾರ್ಖಾನೆಯೊಂದಿತ್ತು. ಅದರ ಎದುರಿಗೇ ಉಪಾಹಾರದ ಅಂಗಡಿ ನಡೆಸುತ್ತಿದ್ದ ಬರ್ನೆಲ್ ಆಸ್ಟಿನ್ ಎಂಬಾತ 1963ರಲ್ಲಿ ಇದನ್ನು ಮಾರಲು ಆರಂಭಿಸಿದನೆಂದು ಹೇಳುತ್ತಾರೆ. ಓದಲೆಂದು ಆ ದೇಶಕ್ಕೆ ಹೋಗಿದ್ದ ನನ್ನ ತಮ್ಮನ ಮಗ ರಜೆಗೆ ಬಂದಾಗ ಇದರ ರುಚಿಯನ್ನು ಎಷ್ಟು ಬಣ್ಣಿಸಿದನೆಂದರೆ, ಮಾಡಿ ನೋಡದೆ ನನಗೆ ನಿದ್ದೆ ಬರಲಿಲ್ಲ.

ಕಾಯಿಗೇನೂ ಕೊರತೆಯಿರಲಿಲ್ಲ. ಕುಷ್ಟಗಿ ತಾಲ್ಲೂಕಿನಲ್ಲಿರುವ ನನ್ನ ತಮ್ಮ ಒಂದು ಎಕರೆಯಲ್ಲಿ ಮಿಡಿಸೌತೆ, ಅಂದರೆ ಗರ್ಕಿನ್ ಎಂಬ ಸಣ್ಣ ಸೌತೆ, ಬೆಳೆಯುತ್ತಾನೆ. ನಮ್ಮ ರಾಜ್ಯದಲ್ಲಿ ಬೆಳೆಯುವ ಮಿಡಿಸೌತೆ ಬಹುಪಾಲು ಡಬ್ಬಿ, ಪೀಪಾಯಿಗಳಲ್ಲಿ ಹೊರದೇಶಕ್ಕೆ ಹೋಗುತ್ತದೆಯೇ ಹೊರತು ನಮ್ಮ ಸಂತೆಗೆ ಬರುವುದಿಲ್ಲ. ಒಂದು ಕಿಲೋಗೆ ಎಷ್ಟು ಕಾಯಿ ತೂಗುತ್ತವೆ ಎಂಬುದರ ಮೇಲೆ ಅದರ ದರ್ಜೆ ನಿಲ್ಲುತ್ತದೆ. ಕಾಯಿ ಸಣ್ಣದಾದಷ್ಟೂ ದರ ಹೆಚ್ಚು. ದಿನವೂ ಕೀಳಬೇಕಾದ ಬೆಳೆಯಾದ್ದರಿಂದ ಒಂದು ದಿನ ಆಳು ಬರದಿದ್ದರೆ ಸಾಕು, ಮರುದಿನ ಕಾಯಿ ಹೆಬ್ಬೆರಳಿನ ಗಾತ್ರ ದಾಟಿ ಖರೀದಿದಾರರು ಬೇಡವೆನ್ನುವ ಮಾಲಾಗುತ್ತದೆ. ಹಾಗೆ ಉಳಿದವು ಎಮ್ಮೆಗೆ ಹೋಗುತ್ತಿದ್ದವು. ಬಿಲ್ಲೆ ಕೊಯ್ಯಲು ಬೇಕಾದದ್ದು ಆ ದಪ್ಪ ಕಾಯಿಯೇ ಆದ್ದರಿಂದ ಎಮ್ಮೆಯ ಪಾಲಿನಲ್ಲಿ ನಾಲ್ಕು ಕಿಲೋ ನಾನು ತಂದುಕೊಂಡೆ. ಮಿಡಿಸೌತೆ ಸಿಗದವರು ಎಳೆಯ ಸೌತೆಕಾಯಿಯಲ್ಲೂ ಮಾಡಬಹುದು, ಆದರೆ ಬೀಜ ಬಲಿತಿರಬಾರದು. ಬಲಿತ ಕಾಯಿಯ ನಡುವಿನ ಲೋಳೆ ಎಣ್ಣೆಗೆ ಬಿದ್ದಾಗ ಮಾಡುವ ರಂಪವನ್ನು ನಾನು ಒಮ್ಮೆ ಕಂಡಿದ್ದೇನೆ.

ಹುಳಿ ಬರಿಸುವ ಕೆಲಸದಲ್ಲಿ ನಾನು ಒಂದು ಜಾಡಿಯನ್ನು ಪೂರ್ತಿ ಕೆಡಿಸಿಕೊಂಡೆ. ಒಂದು ಕಿಲೋ ಕಾಯಿಗೆ ಒಂದು ಲೀಟರ್ ನೀರು, ಆ ನೀರಿಗೆ 50 ಗ್ರಾಂ ಕಲ್ಲುಪ್ಪು ಎಂಬ ಲೆಕ್ಕ ಸರಿಯಿತ್ತು. ನಳದ ನೀರಿನಲ್ಲಿ ಕ್ಲೋರಿನ್ ಇರುತ್ತದೆಂದು ಕುದಿಸಿ ಆರಿಸಿದ್ದೆ. ಬೆಳ್ಳುಳ್ಳಿ, ಕೊತ್ತಂಬರಿ ಕಾಳು, ಎರಡು ಒಣಮೆಣಸಿನಕಾಯಿ ಹಾಕಿ, ಕಾಯಿ ನೀರಿನಿಂದ ಮೇಲೇಳದಂತೆ ಪಿಂಗಾಣಿ ಬಟ್ಟಲನ್ನು ಮೇಲೆ ಹೇರಿಟ್ಟಿದ್ದೆ. ಆದರೂ ಐದನೆಯ ದಿನ ಕಾಯಿ ಹಿಸುಕಿದರೆ ಬೆರಳು ಒಳಗೆ ಹೋಗುವಷ್ಟು ಮೆತ್ತಗಾಗಿತ್ತು. ಕಾರಣ ಎರಡು. ಕಾಯಿಯ ಹೂವಿನ ತುದಿಯಲ್ಲಿ ತಿರುಳನ್ನು ಮೆತ್ತಗಾಗಿಸುವ ಕಿಣ್ವಗಳಿರುತ್ತವೆ. ತೊಟ್ಟಿನ ಕಡೆಯನ್ನು ಬಿಟ್ಟು ಹೂವಿನ ಕಡೆಯಿಂದ ಎರಡು ಮೂರು ಮಿಲಿಮೀಟರಿನಷ್ಟು ಕೊಯ್ದು ಬಿಸಾಡಬೇಕೆಂಬುದು ನನಗೆ ತಿಳಿದಿರಲಿಲ್ಲ. ಎರಡನೆಯದು ನಮ್ಮೂರಿನ ಬಿಸಿಲು. ತಂಪು ನಾಡಿನವರು ವಾರ, ಎರಡು ವಾರ ಎಂದು ಬರೆದಿಟ್ಟ ಗಡುವು ಏಪ್ರಿಲ್ ತಿಂಗಳಿನಲ್ಲಿ ನಲವತ್ತು ಡಿಗ್ರಿ ಮುಟ್ಟುವ ಊರಿಗೆ ಹೊಂದುವುದಿಲ್ಲ. ಈಗ ನಾನು ಚಳಿಗಾಲದಲ್ಲಿ ಐದಾರು ದಿನ, ಬೇಸಿಗೆಯಲ್ಲಿ ಮೂರೇ ದಿನ ಇಡುತ್ತೇನೆ, ಅದೂ ನೀರಿನ ಗಡಿಗೆಯ ಪಕ್ಕದ ತಂಪಿನಲ್ಲಿ. ನೀರು ಮಬ್ಬಾಗಿ, ಗುಳ್ಳೆಯೆದ್ದು, ಕಾಯಿಯ ಎಳೆಹಸಿರು ಮಾಸಿ, ಕಚ್ಚಿದರೆ ಹುಳಿ ನಾಲಿಗೆಗೆ ಹತ್ತಿದ ದಿನವೇ ಜಾಡಿ ಫ್ರಿಜ್ ಸೇರುತ್ತದೆ. ದಿನಕ್ಕೊಮ್ಮೆ ಮುಚ್ಚಳ ಸಡಿಲಿಸಿ ಗಾಳಿ ಬಿಡುವುದನ್ನು ಮರೆಯುವಂತಿಲ್ಲ.

ಕಾಯಿ ಗಟ್ಟಿಯಾಗಿ ಉಳಿಯಲಿ ಎಂದು ದ್ರಾಕ್ಷಿ ಎಲೆ ಹಾಕುವ ಪದ್ಧತಿಯೂ ಇದೆ. ಎಲೆಯ ಒಗರು ಆ ಕಿಣ್ವಗಳನ್ನು ತಡೆಯುತ್ತದೆ. ನಮ್ಮ ಕೊಪ್ಪಳ ಜಿಲ್ಲೆಯಲ್ಲಿ ದ್ರಾಕ್ಷಿ ತೋಟಗಳಿವೆ, ಆದರೆ ಆ ಬಳ್ಳಿಗೆ ಎಷ್ಟು ಸಲ ಔಷಧಿ ಹೊಡೆಯುತ್ತಾರೆಂಬುದನ್ನು ಕಣ್ಣಾರೆ ಕಂಡ ನಾನು ಅದರ ಎಲೆಯನ್ನು ಜಾಡಿಗೆ ಹಾಕಲಾರೆ. ಹಿತ್ತಿಲಿನ ಪೇರಲ ಗಿಡದ ಎರಡು ಎಲೆ ಹಾಕುತ್ತೇನೆ. ಕುಂಬಳಕಾಯಿ ಪೇಠಾಕ್ಕೆ ಮಾಡುವಂತೆ ಸುಣ್ಣದ ತಿಳಿಯಲ್ಲಿ ನೆನೆಸು ಎಂದು ಅತ್ತೆ ಸೂಚಿಸಿದರು. ಸುಣ್ಣ ಕಾಯನ್ನು ಗಟ್ಟಿಗೊಳಿಸುವುದು ನಿಜವೇ. ಆದರೆ ಪೂರ್ತಿ ತೊಳೆದು ಹೋಗದಿದ್ದರೆ ಅದು ಹುಳಿಯನ್ನು ಕೊಲ್ಲುತ್ತದೆ, ಉಪ್ಪುನೀರಿನ ಕಾಯಿ ಕೆಡದಂತೆ ಕಾಯುವುದು ಆ ಹುಳಿಯೇ ಆದ್ದರಿಂದ ನಾನು ಆ ದಾರಿಗೆ ಹೋಗಲಿಲ್ಲ.

ಇನ್ನು ಕರಿಯುವ ಮಾತು. ಸಂಜೆಯಾದರೆ ಮಂಡಾಳ ಒಗ್ಗರಣೆಯ ಜೊತೆ ಮಿರ್ಚಿ ತಿನ್ನುವ ಊರಿನಲ್ಲಿ ಹುಟ್ಟಿದವಳಾದ್ದರಿಂದ, ಹಿಟ್ಟು ಕಲಸುವುದನ್ನು ಯಾರಿಂದಲೋ ಕಲಿಯಬೇಕು ಎಂದು ನನಗೆ ಅನ್ನಿಸಿರಲಿಲ್ಲ. ಕಡಲೆ ಹಿಟ್ಟು, ಅಜಿವಾನ, ಚಿಟಿಕೆ ಸೋಡಾ, ಉಪ್ಪು ಸೇರಿಸಿ ಮಿರ್ಚಿಯ ಹದಕ್ಕೆ ದಪ್ಪಗೆ ಕಲಸಿ, ಜಾಡಿಯಿಂದ ತೆಗೆದ ಬಿಲ್ಲೆಗಳನ್ನು ಅದ್ದಿ ಬಿಟ್ಟೆ. ಬಾಣಲೆಯಲ್ಲಿ ಚೆನ್ನಾಗಿಯೇ ಉಬ್ಬಿದವು. ತಟ್ಟೆಗೆ ಬಂದ ಎರಡು ನಿಮಿಷಕ್ಕೆ ಒದ್ದೆ ಬಟ್ಟೆಯಂತೆ ಕುಸಿದವು. ಮುರಿದು ನೋಡಿದರೆ ಹಿಟ್ಟಿನ ಅಂಗಿ ಬೇರೆ, ಒಳಗಿನ ಕಾಯಿ ಬೇರೆ, ಎರಡರ ನಡುವೆ ನೀರು. ಸಾಲದೆಂಬಂತೆ ಉಪ್ಪಿನ ಮೇಲೆ ಉಪ್ಪು ಬಿದ್ದು ಮಕ್ಕಳು ನೀರಿನ ತಂಬಿಗೆಗೆ ಓಡಿದರು.

ಆ ರಾತ್ರಿ ಪಾತ್ರೆ ತೊಳೆಯುತ್ತ ಯೋಚಿಸಿದಾಗ ತಿಳಿದದ್ದು ಇಷ್ಟು. ಇಡಿಯ ಮೆಣಸಿನಕಾಯಿಗೆ ಮೇಣದಂಥ ಸಿಪ್ಪೆಯಿದೆ. ಒಳಗಿನ ನೀರನ್ನು ಅದು ತನ್ನೊಳಗೇ ಹಿಡಿದುಕೊಳ್ಳುವುದರಿಂದ ಮೇಲಿನ ಹಿಟ್ಟು ನಿಶ್ಚಿಂತೆಯಿಂದ ಬೇಯುತ್ತದೆ. ಕೊಯ್ದ ಸೌತೆಯ ಬಿಲ್ಲೆಗಾದರೋ ಎರಡೂ ಕಡೆ ಬಾಗಿಲು ತೆರೆದಿದೆ. ಸೌತೆಯೇ ನೀರಿನ ಕಾಯಿ, ಅದು ದಿನಗಟ್ಟಲೆ ನೀರಿನಲ್ಲೇ ಕುಳಿತು ಬಂದಿದೆ. ಎಣ್ಣೆಯ ಕಾವಿಗೆ ಆ ನೀರು ಹಬೆಯಾಗಿ ಹಿಟ್ಟನ್ನು ಒಳಗಿನಿಂದ ನೆನೆಸುತ್ತದೆ. ಸೋಡಾದ ಕಥೆ ಇನ್ನೂ ಬೇರೆ. ಕಾಯಿಯ ಹುಳಿ ತಾಕಿದಲ್ಲೆಲ್ಲ ಸೋಡಾ ಬುರಬುರನೆ ನೊರೆಯೆದ್ದು ಕಾಯಿಗೂ ಹಿಟ್ಟಿಗೂ ನಡುವೆ ಗಾಳಿಯ ಪದರ ಮಾಡಿ ಅಂಗಿಯನ್ನು ಕಳಚುತ್ತದೆ. ಅಂದಿನಿಂದ ನಾನು ಇದಕ್ಕೆ ಸೋಡಾ ಹಾಕಿಲ್ಲ, ಕಲಸುವ ಹಿಟ್ಟಿಗೆ ಒಂದು ಹರಳು ಉಪ್ಪನ್ನೂ ಹಾಕಿಲ್ಲ.

ದಾರಿ ತೋರಿಸಿದ್ದು ಅತ್ತೆಯ ಬಾಳಕದ ಮೆಣಸಿನಕಾಯಿ. ಮಜ್ಜಿಗೆ, ಉಪ್ಪುಗಳಲ್ಲಿ ನೆನೆದ ಮೆಣಸಿನಕಾಯಿಯನ್ನು ಅವರು ಬಿಸಿಲಿಗೆ ಹಾಕಿ ಗಲಗಲ ಎನ್ನುವವರೆಗೆ ಒಣಗಿಸಿದ ಮೇಲೆಯೇ ಎಣ್ಣೆಗೆ ಬಿಡುವುದು. ‘ನೀರು ತಗದು ಕರಿ, ಇಲ್ಲಂದ್ರ ಎಣ್ಣಿಯೇ ನಿನ್ನ ಕರೀತದ’ ಎಂದು ಅವರು ನಗುತ್ತ ಅಂದದ್ದು ನನ್ನ ಮಣಿಕಟ್ಟಿನ ಮೇಲಿನ ಸುಟ್ಟ ಕಲೆಯನ್ನು ನೋಡಿ. ನಾನು ಉತ್ಸಾಹದಿಂದ ಮಾಳಿಗೆಯ ಮೇಲೆ ಬಿಲ್ಲೆಗಳನ್ನು ಮೂರು ತಾಸು ಬಿಸಿಲಿಗೆ ಹರವಿದೆ. ಅವು ಚಪ್ಪಲಿಯ ತೊಗಲಿನಂತಾದವು. ಕರಿದಾಗ ಗರಿಯೇನೋ ಬಂತು, ಆದರೆ ಕಚ್ಚಿದಾಗ ಒಳಗೆ ಸಿಗಬೇಕಾದ ಹುಳಿರಸ ಇರಲಿಲ್ಲ. ಈ ತಿನಿಸಿನ ಸೊಗಸು ಇರುವುದು ಹೊರಗಿನ ಗರಿ ಮುರಿದ ಕೂಡಲೇ ಒಳಗಿನ ಹುಳಿ ಚಿಮ್ಮುವುದರಲ್ಲಿ. ಬಾಳಕದಷ್ಟು ಒಣಗಿಸಿದರೆ ಅದು ಬೇರೆಯೇ ತಿನಿಸಾಗುತ್ತದೆ.

ಕಡೆಗೆ ನಿಂತ ಕ್ರಮ ಹೀಗಿದೆ. ಬಿಲ್ಲೆಯನ್ನು ಐದು ಮಿಲಿಮೀಟರಿನಷ್ಟು ದಪ್ಪವಾಗಿ ಕೊಯ್ಯುತ್ತೇನೆ. ಇದಕ್ಕಿಂತ ತೆಳುವಾದರೆ ಬಾಯಿಗೆ ಹಿಟ್ಟು ಮಾತ್ರ ಸಿಗುತ್ತದೆ. ಉಪ್ಪು ಜೋರಾಗಿದ್ದರೆ ಹತ್ತು ನಿಮಿಷ ಸಪ್ಪೆ ನೀರಿನಲ್ಲಿ ಬಿಡುತ್ತೇನೆ. ಆಮೇಲೆ ಹಳೆಯ ಪಂಚೆಯ ಮೇಲೆ ಒಂದಕ್ಕೊಂದು ತಾಕದಂತೆ ಹರವಿ, ಮೇಲೊಂದು ಬಟ್ಟೆ ಹೊದಿಸಿ, ಅದರ ಮೇಲೆ ರೊಟ್ಟಿ ಹಂಚನ್ನು ಹೇರಿ ಇಪ್ಪತ್ತು ನಿಮಿಷ ಬಿಡುತ್ತೇನೆ. ನಡುವೆ ಒಮ್ಮೆ ಬಟ್ಟೆ ಬದಲಿಸಬೇಕು. ಒಂದು ಸಲ ತೂಗಿ ನೋಡಿದೆ: ಅರ್ಧ ಕಿಲೋ ಬಿಲ್ಲೆ ಎದ್ದಾಗ 430 ಗ್ರಾಂ ಇತ್ತು, ಎಂದರೆ 70 ಗ್ರಾಂ ನೀರು ಬಾಣಲೆಗೆ ಹೋಗುವುದು ತಪ್ಪಿತು. ಬಳಿಕ ಫ್ಯಾನಿನ ಕೆಳಗೆ ಅರ್ಧ ತಾಸು. ಮುಟ್ಟಿದರೆ ಬೆರಳಿಗೆ ತೇವ ಹತ್ತಬಾರದು, ಬಗ್ಗಿಸಿದರೆ ಬಿಲ್ಲೆ ಮುರಿಯಲೂಬಾರದು. ಕೆಲಸದಲ್ಲಿ ಬೇಸರದ ಭಾಗ ಇದೇ, ಅವಸರ ಮಾಡಿದವರೆಲ್ಲ ಕೆಡಿಸಿಕೊಳ್ಳುವ ಭಾಗವೂ ಇದೇ.

ಹಿಟ್ಟಿನಲ್ಲಿ ಹಲವು ಪ್ರಯೋಗ ಮಾಡಿದೆ. ಅಮೆರಿಕದವರು ಮೆಕ್ಕೆಜೋಳದ ತರಿಹಿಟ್ಟನ್ನು ಬಳಸುತ್ತಾರೆಂದು ಕೇಳಿ ಗಿರಣಿಯಲ್ಲಿ ತರಿಯಾಗಿ ಒಡೆಸಿ ತಂದೆ. ಗರಿ ಚೆನ್ನಾಗಿ ಬಂದರೂ ತರಿ ಉದುರಿ ಎಣ್ಣೆಯ ತಳದಲ್ಲಿ ಸುಟ್ಟು ಎರಡನೆಯ ಸರದಿಯೇ ಕಹಿಯಾಯಿತು. ಕಡಲೆ ಹಿಟ್ಟೊಂದೇ ಆದರೆ ಬೇಗ ಮೆತ್ತಗಾಗುತ್ತದೆ. ಕೊನೆಗೆ ಕೈಹಿಡಿದದ್ದು ತುಂಗಭದ್ರಾ ಕಾಲುವೆಯ ಕೆಳಗೆ ನಮ್ಮ ಸುತ್ತ ಬೆಳೆಯುವ ಸೋನಾ ಮಸೂರಿಯೇ. ಅದರ ನುಚ್ಚನ್ನು ನುಣ್ಣಗೆ ಬೀಸಿಸಿದ ಅಕ್ಕಿ ಹಿಟ್ಟು 100 ಗ್ರಾಂ, ಕಡಲೆ ಹಿಟ್ಟು 50 ಗ್ರಾಂ, ಕಾರ್ನ್‌ಫ್ಲೋರ್ 25 ಗ್ರಾಂ, ಬಣ್ಣಕ್ಕೆ ಅರ್ಧ ಚಮಚ ಬ್ಯಾಡಗಿ ಖಾರದ ಪುಡಿ, ಅಂಗೈಯಲ್ಲಿ ತಿಕ್ಕಿದ ಅಜಿವಾನ. ಇದಕ್ಕೆ ಸುಮಾರು 200 ಮಿಲಿಲೀಟರ್ ನೀರನ್ನು ಸ್ವಲ್ಪಸ್ವಲ್ಪವಾಗಿ ಸೇರಿಸಿದರೆ ಮಿರ್ಚಿಯ ಹಿಟ್ಟಿಗಿಂತ ತೆಳುವಾಗಿ, ಬೆರಳು ಅದ್ದಿ ತೆಗೆದಾಗ ಚರ್ಮ ಮಸುಕಾಗಿ ಕಾಣುವ ಹದ ಬರುತ್ತದೆ. ಐಸ್ ನೀರು ಬೇಕೆಂಬುದು ಮೈದಾ ಬಳಸುವವರ ಮಾತು. ಮೈದಾದ ಜಿಗುಟು ತಣ್ಣೀರಿನಲ್ಲಿ ಕಡಿಮೆ ಬಿಡುತ್ತದೆ. ಅಕ್ಕಿಯಲ್ಲಿ ಆ ಜಿಗುಟೇ ಇಲ್ಲವಾದ್ದರಿಂದ ಗಡಿಗೆಯ ನೀರು ಸಾಕು. ಅಕ್ಕಿ ಹಿಟ್ಟು ಬೇಗ ತಳಕ್ಕಿಳಿಯುತ್ತದೆ, ಪ್ರತಿ ಸರದಿಗೂ ಮೊದಲು ಕಲಕಲೇಬೇಕು.

ಅದ್ದುವುದಕ್ಕೆ ಮುನ್ನ ಬಿಲ್ಲೆಗಳನ್ನು ಒಣ ಅಕ್ಕಿ ಹಿಟ್ಟಿನಲ್ಲಿ ಹೊರಳಿಸಿ ಕೊಡವಬೇಕು. ಈ ಒಣ ಪದರವೇ ಉಳಿದ ತೇವವನ್ನು ಹೀರಿ ಮೇಲಿನ ಹಿಟ್ಟಿಗೆ ಹಿಡಿತ ಕೊಡುತ್ತದೆ. ಒಣ ಹಿಟ್ಟಿಗೆ ಒಂದು ಕೈ, ಕಲಸಿದ ಹಿಟ್ಟಿಗೆ ಇನ್ನೊಂದು ಕೈ ಎಂದು ಇಟ್ಟುಕೊಳ್ಳದಿದ್ದರೆ ನಾಲ್ಕು ಬಿಲ್ಲೆಗೇ ಬೆರಳುಗಳು ಕಡುಬಾಗುತ್ತವೆ.

ಎಣ್ಣೆಯ ವಿಷಯದಲ್ಲಿ ಗಾಣದ ಶೇಂಗಾ ಎಣ್ಣೆಯ ಮೇಲಿನ ನನ್ನ ಪ್ರೀತಿಯನ್ನು ಬದಿಗಿಡಬೇಕಾಯಿತು. ಇದಕ್ಕೆ 180ರಿಂದ 190 ಡಿಗ್ರಿಯ ಕಾವು ಬೇಕು. ಆ ಕಾವಿಗೆ ಗಾಣದ ಎಣ್ಣೆ ನೊರೆಯೆದ್ದು ಹೊಗೆಯಾಡಲು ತೊಡಗುತ್ತದೆ, ಶುದ್ಧೀಕರಿಸಿದ ಶೇಂಗಾ ಎಣ್ಣೆ ತಾಳಿಕೊಳ್ಳುತ್ತದೆ. ಉಷ್ಣಮಾಪಕ ಇಲ್ಲದವರು ಒಂದು ಹನಿ ಹಿಟ್ಟು ಬಿಟ್ಟು ನೋಡಬಹುದು. ತಳ ಮುಟ್ಟಿ ನಿಧಾನವಾಗಿ ಎದ್ದರೆ ಕಾವು ಸಾಲದು, ಬಿದ್ದಲ್ಲೇ ಕೆಂಪಾದರೆ ಹೆಚ್ಚಾಯಿತು, ಅರ್ಧಕ್ಕೆ ಇಳಿದು ತಟ್ಟನೆ ಮೇಲೆ ಬಂದರೆ ಸರಿ. ಒಂದು ಲೀಟರ್ ಎಣ್ಣೆಗೆ ಒಂದು ಸಲಕ್ಕೆ ಎಂಟು ಬಿಲ್ಲೆಗಿಂತ ಹೆಚ್ಚು ಬಿಡುವುದಿಲ್ಲ. ನೆಂಟರು ಕಾಯುತ್ತಿದ್ದಾರೆಂದು ಇಪ್ಪತ್ತು ಬಿಟ್ಟ ದಿನ ಕಾವು ಇಳಿದು ಅವು ಎಣ್ಣೆ ಕುಡಿದು ಕುಳಿತವು. ಎರಡು ನಿಮಿಷದ ಸುಮಾರಿಗೆ ಗುಳ್ಳೆಗಳ ಸದ್ದು ಸಣ್ಣದಾಗುತ್ತದೆ. ಬಣ್ಣಕ್ಕಿಂತ ಆ ಸದ್ದನ್ನೇ ನಾನು ನಂಬುತ್ತೇನೆ, ಏಕೆಂದರೆ ಸದ್ದು ನಿಲ್ಲುತ್ತ ಬಂದರೆ ಹಿಟ್ಟಿನ ನೀರು ತೀರುತ್ತ ಬಂದಿತೆಂದೇ ಅರ್ಥ.

ತೆಗೆದವುಗಳನ್ನು ಪತ್ರಿಕೆಯ ಹಾಳೆಯ ಮೇಲೆ ಗುಡ್ಡೆ ಹಾಕುವ ನಮ್ಮ ಅಭ್ಯಾಸವೂ ಇಲ್ಲಿ ಕೆಲಸಕ್ಕೆ ಬಾರದು. ಮುದ್ರಣದ ಶಾಯಿಯ ಮಾತು ಹಾಗಿರಲಿ, ಕೆಳಗಿನವುಗಳ ಹಬೆ ಮೇಲಿನವುಗಳಿಗೆ ತಗುಲಿ ಎಲ್ಲವೂ ಮೆತ್ತಗಾಗುತ್ತವೆ. ಹಪ್ಪಳ ಸುಡುವ ಜಾಲರಿಯನ್ನು ತಟ್ಟೆಯ ಮೇಲೆ ಅಡ್ಡಲಾಗಿಟ್ಟು, ಕೆಳಗಿನಿಂದಲೂ ಗಾಳಿಯಾಡುವಂತೆ ಒಂದೊಂದಾಗಿ ಹರವುತ್ತೇನೆ. ಹೀಗೆ ಮಾಡಿದರೆ ಹದಿನೈದು ನಿಮಿಷದವರೆಗೂ ಗರಿ ನಿಲ್ಲುತ್ತದೆ. ಅಲ್ಲಿಯವರು ಇದಕ್ಕೆ ರ‍್ಯಾಂಚ್ ಎಂಬ ಮಜ್ಜಿಗೆಯ ಗೊಜ್ಜನ್ನು ಹಚ್ಚಿಕೊಳ್ಳುತ್ತಾರಂತೆ. ನಾನು ಗಟ್ಟಿ ಮೊಸರಿಗೆ ಗುರೆಳ್ಳು ಚಟ್ನಿ ಪುಡಿ ಕಲಸಿ ಇಡುತ್ತೇನೆ. ಕಾಯಿಯಲ್ಲೇ ಉಪ್ಪಿರುವುದರಿಂದ ಮೊಸರಿಗೂ ಉಪ್ಪು ಬೇಡ. ರಕ್ತದೊತ್ತಡವಿರುವ ನಮ್ಮ ಮಾವನವರ ತಟ್ಟೆಗೆ ನಾಲ್ಕಕ್ಕಿಂತ ಹೆಚ್ಚು ಹಾಕುವುದಿಲ್ಲ. ಅವರು ಐದನೆಯದನ್ನು ಮೊಮ್ಮಗನ ಕೈಯಿಂದ ತರಿಸಿಕೊಳ್ಳುತ್ತಾರೆಂಬುದು ಮನೆಯಲ್ಲಿ ಎಲ್ಲರಿಗೂ ಗೊತ್ತು.

ಕರಿದ ಎಣ್ಣೆಯನ್ನು ಆರಿಸಿ, ಬಟ್ಟೆಯಲ್ಲಿ ಸೋಸಿ, ಇನ್ನೊಂದೇ ಸಲ ಬಳಸುತ್ತೇನೆ. ಉಪ್ಪು ಮತ್ತು ಉದುರಿದ ಹಿಟ್ಟಿನಿಂದ ಅದು ಬೇಗ ಕಪ್ಪಾಗುತ್ತದೆ. ಜಾಡಿಯಲ್ಲಿ ಉಳಿದ ಹುಳಿನೀರನ್ನು ಚೆಲ್ಲುವುದಿಲ್ಲ. ಹೊಸ ಉಪ್ಪುನೀರು ಕಲಸಿದಾಗ ಅದರಲ್ಲಿ ಅರ್ಧ ಲೋಟ ಸೇರಿಸಿದರೆ ಮುಂದಿನ ಜಾಡಿ ಒಂದು ದಿನ ಮೊದಲೇ ಹುಳಿ ಹಿಡಿಯುತ್ತದೆ. ಮೊನ್ನೆ ಅತ್ತೆ ನನ್ನನ್ನು ಕೇಳದೆಯೇ ಆ ನೀರಿಗೆ ಚವಳಿಕಾಯಿ ಹಾಕಿ ಮುಚ್ಚಿಟ್ಟಿದ್ದಾರೆ. ‘ನಾಡಿದ್ದು ತಗದು ನೋಡೂಣು, ಬಟ್ಟಿ ಹಾಸಿ ಇಟ್ಟಿರು’ ಎಂದಿದ್ದಾರೆ.